ಲಕ್ಷಕ್ಕೆ ಎರಡು

ಬೀಗ ಹಾಕಿದ ಮೇಲೆ ಮೂರು ಸಲ ಎಳೆದು ನೋಡುವುದು ಕಿಕುಯೆಯ ಚಾಳಿ. ಒಲೆ ಆರಿಸಿದೆನೋ ಇಲ್ಲವೋ ಎಂದು ಬೀದಿಯ ತಿರುವಿನಿಂದ ಮನೆಗೆ ಮರಳಿದ್ದೂ ಉಂಟು. ಗಂಡ ಇದಕ್ಕೆ ನಗುತ್ತಿದ್ದ. ಆದರೆ ಹಿಗಾಶಿ-ಒಸಾಕ ಊರಿನಲ್ಲಿ ಅವಳು ಟ್ರಾನ್ಸ್‌ಫಾರ್ಮರುಗಳಿಗೆ ತಂತಿ ಸುತ್ತುವ ಕಾರ್ಖಾನೆಯಲ್ಲಿ ಇದೇ ಚಾಳಿಯಿಂದ ಅವಳಿಗೆ ಒಳ್ಳೆಯ ಹೆಸರು ಬಂದಿತ್ತು. ಹಗಲು ತಂತಿ ಸುತ್ತಿ, ಸಂಜೆ ಶಾಲೆಯಲ್ಲಿ ನಾಲ್ಕು ವರ್ಷ ವಿದ್ಯುತ್ತಿನ ಪಾಠ ಕಲಿತವಳು ಅವಳು. ಈಗ ನಲವತ್ತೇಳು ವರ್ಷ.

ಅವಳ ಮಾತಿಗೆ ಇನ್ನೂ ಹೆಚ್ಚು ಬೆಲೆಯಿದ್ದದ್ದು ಕೈಯಾರೆ ಆಂಪ್ಲಿಫೈಯರ್ ಕಟ್ಟುವವರ ಕೂಟದಲ್ಲಿ. ಹದಿನಾಲ್ಕು ಜನ, ತಿಂಗಳಿಗೊಂದು ಭಾನುವಾರ ಬಡಾವಣೆಯ ಸಭಾಭವನದ ಮಹಡಿಯಲ್ಲಿ ಸೇರುತ್ತಿದ್ದರು. ತಾವು ಕಟ್ಟಿದ್ದನ್ನು ಬಟ್ಟೆಯಲ್ಲಿ ಸುತ್ತಿ, ಕೂಸನ್ನು ಎತ್ತಿಕೊಂಡಂತೆ ಎತ್ತಿಕೊಂಡು ಬರುತ್ತಿದ್ದರು. ಯಾರದ್ದು ಚೆನ್ನ ಎಂಬ ಜಗಳ ಊಟದ ಹೊತ್ತಿಗೂ ಮುಗಿಯುತ್ತಿರಲಿಲ್ಲ. ಆ ಜಗಳಕ್ಕೆ ಮೂರು ವರ್ಷದ ಹಿಂದೆ ಕಿಕುಯೆ ಒಂದು ಮದ್ದು ತಂದಳು. ಟಿಫಿನ್ ಡಬ್ಬಿಯಷ್ಟಿದ್ದ ಒಂದು ಅನಲಾಗ್-ಡಿಜಿಟಲ್ ಪರಿವರ್ತಕ. ಎಲ್ಲರೂ ಅದನ್ನು ಬರೀ ಪೆಟ್ಟಿಗೆ ಎನ್ನುತ್ತಿದ್ದರು. ಆಂಪ್ಲಿಫೈಯರಿಗೆ ಒಂದು ಶುದ್ಧ ಸ್ವರ ಉಣಿಸಿ, ಹೊರಗೆ ಬಂದದ್ದನ್ನು ಪೆಟ್ಟಿಗೆಗೆ ಕೊಟ್ಟರೆ, ಅದು ಸದ್ದನ್ನು ಅಂಕಿಗಳಾಗಿ ಒಡೆದು ಕಂಪ್ಯೂಟರಿಗೆ ಕಳಿಸುತ್ತದೆ. ಉಣಿಸಿದ ಸ್ವರವೆಷ್ಟು, ಆಂಪ್ಲಿಫೈಯರ್ ತಾನಾಗಿ ಬೆರೆಸಿದ ಕಲಬೆರಕೆಯೆಷ್ಟು ಎಂದು ಕಂಪ್ಯೂಟರ್ ಬಿಡಿಸಿ ಹೇಳುತ್ತದೆ. ಹಾಲಿಗೆ ಬಿದ್ದ ನೀರನ್ನು ಅಳೆದ ಹಾಗೆ. ಆ ಅಂಕಿಯನ್ನು ಕಿಕುಯೆ ಚೀಟಿಯಲ್ಲಿ ಬರೆದು, ತನ್ನ ಮೊಹರು ಒತ್ತಿ, ಆಂಪ್ಲಿಫೈಯರಿನ ತಲೆಯ ಮೇಲೆ ಅಂಟಿಸುತ್ತಿದ್ದಳು. ಅಲ್ಲಿಗೆ ಮಾತು ಮುಗಿಯಿತು.

ಶರತ್ಕಾಲದ ದೊಡ್ಡ ಕೂಟದಲ್ಲಿ ಎಲ್ಲಕ್ಕಿಂತ ಕಡಿಮೆ ಕಲಬೆರಕೆಯ ಆಂಪ್ಲಿಫೈಯರಿಗೆ ಮೊದಲ ಮರ್ಯಾದೆ. ಅದನ್ನು ಕಟ್ಟಿದವರು ಆರಿಸಿದ ರೆಕಾರ್ಡಿನಿಂದಲೇ ದಿನ ಶುರುವಾಗಬೇಕು. ಹಮುರೊ-ಸಾನ್ ಹನ್ನೊಂದು ವರ್ಷದಿಂದ ಕಾಯುತ್ತಿದ್ದದ್ದು ಅದಕ್ಕೇ. ಒಣಗಿದ ಕಡಲ ಸೊಪ್ಪು ಮಾರುವ ಅಂಗಡಿಯ ಯಜಮಾನರು, ಎಪ್ಪತ್ತನಾಲ್ಕರ ಮುದುಕರು. ಕಳೆದ ತಿಂಗಳು ಅವರ ಹೊಸ ಆಂಪ್ಲಿಫೈಯರ್ ಲಕ್ಷಕ್ಕೆ ಎರಡೇ ಪಾಲು ಕಲಬೆರಕೆ ತೋರಿಸಿತ್ತು. ಕೂಟದಲ್ಲಿ ಅಂಥ ಅಂಕಿಯನ್ನು ಯಾರೂ ಕಂಡಿರಲಿಲ್ಲ.

"ಮನೆಗೆ ತಗೊಂಡ್ಹೋಗಿ ಕೇಳು ಕಿಕು-ಚಾನ್," ಎಂದು ಸಲಿಗೆಯಿಂದ ಕರೆದು ಅವರೇ ಅದನ್ನು ಅವಳ ಕೈಗಿಟ್ಟಿದ್ದರು. "ಒಳ್ಳೇದು ಕೇಳಿದ್ರೆ ಕಿವಿ ಸ್ವಚ್ಛ ಆಗತ್ತೆ."

ಕೂಟದ ಹಿಂದಿನ ದಿನ ಶನಿವಾರ, ಕಾರ್ಖಾನೆಗೆ ರಜೆ. ಎರಡು ಎಂಬ ಅಂಕಿ ಕಿಕುಯೆಗೆ ಹಲ್ಲಿನ ಸಂದಿಯಲ್ಲಿ ಸಿಕ್ಕ ನಾರಿನಂತೆ ಕಾಡುತ್ತಿತ್ತು. ಮತ್ತೆ ಅಳೆದಳು, ಎರಡೇ. ಬೇರೆ ತಂತಿ ಹಾಕಿದಳು, ಎರಡೇ. ಸಮಾಧಾನವಾಗಬೇಕಿತ್ತು, ಆಗಲಿಲ್ಲ. ಕೊನೆಗೆ ಪೆಟ್ಟಿಗೆಗೆ ಹೋಗುವ ಎರಡು ತಂತಿಗಳನ್ನು ಅದಲು ಬದಲು ಮಾಡಿ ಸಿಕ್ಕಿಸಿದಳು. ಹಾಗೆ ಮಾಡಿದರೆ ಅಲೆ ತಲೆಕೆಳಗಾಗುತ್ತದೆ, ಅಷ್ಟೆ, ಕಲಬೆರಕೆ ಬದಲಾಗಬಾರದು.

ಪರದೆಯಲ್ಲಿ ಹತ್ತು ಎಂದು ಬಂತು.

ಕಿಕುಯೆ ಕನ್ನಡಕ ಒರೆಸಿಕೊಂಡಳು. ಹತ್ತೇ. ತನ್ನದೇ ಹಳೆಯ ಆಂಪ್ಲಿಫೈಯರನ್ನು ಕಪಾಟಿನಿಂದ ಇಳಿಸಿ ಅಳೆದಳು. ಅದೂ ನೇರ ಹಾಕಿದರೆ ಒಂದು ಮಾತು, ತಿರುಗಿಸಿದರೆ ಇನ್ನೊಂದು ಮಾತು. ಅಂದರೆ ಕಳ್ಳ ಆಂಪ್ಲಿಫೈಯರಲ್ಲ, ಪೆಟ್ಟಿಗೆ. ಇದನ್ನು ಮೂರು ವರ್ಷ ಒಮ್ಮೆಯೂ ತಿರುಗಿಸಿ ನೋಡಿರಲಿಲ್ಲ. ಬೀಗವನ್ನು ಮೂರು ಸಲ ಎಳೆಯುವವಳು ಇದನ್ನೊಂದು ಬಿಟ್ಟಿದ್ದಳು. ಆ ಹದಿನಾಲ್ಕು ಚೀಟಿಗಳ ಮೇಲಿರುವುದು ಅವಳದೇ ಮೊಹರು. ಹೇಳಿದರೆ ಅವಳ ಅಳತೆಯನ್ನು ಇನ್ನು ಯಾರು ನಂಬುತ್ತಾರೆ? ಹೇಳದಿದ್ದರೆ ಇನ್ನೊಂದು ಚೀಟಿಗೆ ಮೊಹರು ಒತ್ತಲು ತನಗೇ ಕೈ ಬರುವುದಿಲ್ಲ. ಕೊನೆಗೆ ಹಮುರೊ-ಸಾನರ ಆಂಪ್ಲಿಫೈಯರನ್ನೂ ಪೆಟ್ಟಿಗೆಯನ್ನೂ ಕಂಪ್ಯೂಟರನ್ನೂ ಸೈಕಲ್ಲಿನ ಹಿಂದೆ ಕಟ್ಟಿಕೊಂಡು ಸೊಪ್ಪಿನ ಅಂಗಡಿಗೆ ಹೊರಟಳು.

ಹಮುರೊ-ಸಾನರ ಹೆಂಡತಿ ಯಸುಯೊ ಬಾಗಿಲಲ್ಲೇ ಹಿಡಿದುಕೊಂಡರು. "ಬಾರಮ್ಮ. ನಮ್ಮನೆಯವರಿಗೆ ಏನ್ ಮಂಕುಬೂದಿ ಎರಚಿದೀಯೋ. ಬಂದ ಗಿರಾಕಿಗೆಲ್ಲ ಲಕ್ಷಕ್ಕೆ ಎರಡು, ಲಕ್ಷಕ್ಕೆ ಎರಡು ಅಂತಾರೆ. ಪಾಪ, ಅವರು ಸೊಪ್ಪಿನಲ್ಲಿ ಮರಳು ಎಷ್ಟಿದೆ ಅಂತ ಹೇಳ್ತಿದಾರೆ ಅಂದ್ಕೋತಾರೆ."

ಒಳಗೆ ಹಮುರೊ-ಸಾನ್ ಒಂದು ಹಿತ್ತಾಳೆಯ ಬಿಲ್ಲೆಯನ್ನು ಬಟ್ಟೆಯಿಂದ ಉಜ್ಜುತ್ತಿದ್ದರು. ಅದರ ಮೇಲೆ ಆ ಅಂಕಿಯನ್ನು ಕೊರೆಸಿಯಾಗಿತ್ತು. ಕಿಕುಯೆ ಅದನ್ನು ನೋಡಿದ ಕೂಡಲೇ, ದಾರಿಯುದ್ದಕ್ಕೂ ಹೊಂದಿಸಿಕೊಂಡು ಬಂದ ಮಾತೆಲ್ಲ ಮರೆತಳು. ಸುಮ್ಮನೆ ಮೇಜಿನ ಮೇಲೆ ಎಲ್ಲವನ್ನೂ ಜೋಡಿಸಿ, ಅಳೆದು ತೋರಿಸಿ, ತಂತಿ ತಿರುಗಿಸಿ, ಮತ್ತೆ ಅಳೆದು ತೋರಿಸಿದಳು.

"ಇದೇನಿದು, ಹತ್ತು?" ಎಂದರು ಮುದುಕರು.

"ಪೆಟ್ಟಿಗೇಲೇ ನಾಲ್ಕು ಪಾಲು ಕಲಬೆರಕೆ ಇದೆ. ನಿಮ್ಮದು ಆ ಕಡೆ ವಾಲತ್ತೆ, ಪೆಟ್ಟಿಗೆ ಈ ಕಡೆ. ಒಂದನ್ನೊಂದು ತಿಂದ್ಕೊಂಡು ಎರಡು ಉಳೀತು. ತಿರುಗಿಸಿದ್ರೆ ಎರಡೂ ಒಂದೇ ಕಡೆ ವಾಲಿ ಹತ್ತಾಯ್ತು."

"ಹಾಗಾದ್ರೆ ನಿಜ ಯಾವ್ದು?"

"ಎರಡೂ ಅಲ್ಲ. ಕೂಡಿಸಿ ಅರ್ಧ ಮಾಡ್ಬೇಕು. ಆರು. ತಪ್ಪು ನನ್ದು, ಹಮುರೊ-ಸಾನ್. ಕ್ಷಮಿಸಿ."

ಅವರು ಬಿಲ್ಲೆಯನ್ನು ಇನ್ನೂ ಉಜ್ಜುತ್ತಲೇ ಇದ್ದರು. "ನೋಡು ಕಿಕು-ಚಾನ್. ತಂತಿ ತಿರುಗಿಸಿ ನೋಡೋ ಹುಚ್ಚು ಈ ಊರಲ್ಲಿ ನಿನಗೊಬ್ಬಳಿಗೆ. ನಾಳೆ ಒಂದು ದಿನ ಕಳೀಲಿ. ಸೋಮವಾರ ಹೇಳು, ನಾನೇ ನಿನ್ನ ಪಕ್ಕ ನಿಂತ್ಕೋತೀನಿ."

ಕಿಕುಯೆಗೆ ಆ ಮಾತು ಒಂದು ಕ್ಷಣ ಹಿತವಾಗಿಯೇ ಕೇಳಿಸಿತು, ಸುಳ್ಳೇಕೆ. ಒಂದೇ ದಿನವಲ್ಲವೇ? ಅಷ್ಟರಲ್ಲಿ ಚಹಾ ತಂದ ಯಸುಯೊ ಬಾಯಿ ಹಾಕಿದರು.

"ಮಾವನವರ ಕಾಲದಲ್ಲಿ ತಕ್ಕಡಿ ಮೇಲೆ ಅನುಮಾನ ಬಂದ್ರೆ ಏನ್ ಮಾಡ್ತಿದ್ರು?"

"ಅದಕ್ಕೂ ಇದಕ್ಕೂ ಏನೇ ಸಂಬಂಧ?"

"ಹೇಳಿ, ಏನ್ ಮಾಡ್ತಿದ್ರು?"

"ತಟ್ಟೆ ಬದಲಿಸ್ತಿದ್ರು," ಎಂದರು ಮುದುಕರು ಗೊಣಗುತ್ತ. "ಸೊಪ್ಪು ಆ ತಟ್ಟೆಗೆ, ತೂಕದ ಬಟ್ಟು ಈ ತಟ್ಟೆಗೆ."

"ವ್ಯತ್ಯಾಸ ಬಂದ ತಕ್ಕಡೀಲಿ ಆಮೇಲೆ ಒಬ್ಬ ಗಿರಾಕಿಗಾದ್ರೂ ತೂಗ್ತಿದ್ರಾ?"

ಹಮುರೊ-ಸಾನ್ ಹೆಂಡತಿಯನ್ನು ನೋಡಿದರು, ಪೆಟ್ಟಿಗೆಯನ್ನು ನೋಡಿದರು. ಎದ್ದು ಹೋಗಿ ಬಿಲ್ಲೆಯನ್ನು ಕಸದ ಡಬ್ಬಿಗೆ ಹಾಕಿ ಬಂದರು. "ನಾಳೆ ನೀನೇ ಹೇಳ್ಕೋ. ನಾನಂತೂ ಬಾಯಿ ಬಿಡಲ್ಲ," ಎಂದು ಗಲ್ಲಾದ ಕಡೆ ನಡೆದರು. ಹೊರಗೆ ಅವಳ ಸೈಕಲ್ಲಿನ ಬುಟ್ಟಿಗೆ ಒಂದು ಕಟ್ಟು ಸೊಪ್ಪು ಹಾಕಿದ್ದು ಯಸುಯೊ.

ಭಾನುವಾರ ಸಭಾಭವನದ ಮಹಡಿಯಲ್ಲಿ ಹದಿನಾಲ್ಕು ಆಂಪ್ಲಿಫೈಯರುಗಳು ಸಾಲಾಗಿ ಕೂತಿದ್ದವು. ಕಿಕುಯೆ ಎದ್ದು ನಿಂತಳು. "ಮೂರು ವರ್ಷದಿಂದ ನಾನು ಬರ್ಕೊಟ್ಟ ಅಂಕಿ ಎಲ್ಲಾ ತಪ್ಪು," ಎಂದು ಶುರುಮಾಡಿ, ಒಂದೇ ಉಸಿರಿಗೆ ಕಾರಣವನ್ನೂ ಹೇಳಿ ಮುಗಿಸಿದಳು.

ಮೊದಲು ಬಾಯಿಬಿಟ್ಟವನು ತೊಕುಮರು. ಒಂದು ಕಾಲಕ್ಕೆ ಲಾರಿ ಓಡಿಸುತ್ತಿದ್ದವನು, ಅಕ್ಕಿ ಬಿಸ್ಕತ್ತಿನ ತಗಡಿನ ಡಬ್ಬಿಯಲ್ಲಿ ಆಂಪ್ಲಿಫೈಯರ್ ಕಟ್ಟಿದವನು. ಹಮುರೊ-ಸಾನರ ನಕ್ಷೆಯನ್ನೇ ಇಸಿದುಕೊಂಡಿದ್ದ, ಆದರೆ ಕೊನೆಯ ತಂತಿಗಳನ್ನು ಉಲ್ಟಾ ಬೆಸೆದಿದ್ದ. ಹಾಡಿಗೇನೂ ತೊಂದರೆಯಿಲ್ಲವಲ್ಲ ಎಂದು ಹಾಗೇ ಬಿಟ್ಟಿದ್ದ. ಕೂಟದಲ್ಲಿ ಅವನದೇ ಕೊನೆಯ ಸ್ಥಾನ, ಲಕ್ಷಕ್ಕೆ ಒಂಬತ್ತು.

"ಎಲ್ಲಾ ತಪ್ಪು ಅಂದ್ರೆ ನನ್ನ ಒಂಬತ್ತೂ ತಪ್ಪಾ?"

"ಅದೂ ತಪ್ಪೇ, ತೊಕುಮರು-ಸಾನ್."

"ಬ್ಯಾಡ ಬಿಡಿ. ಇನ್ನೂ ಜಾಸ್ತಿ ಆದ್ರೆ ಮನೇಲಿ ಮರ್ಯಾದೆ ಇರಲ್ಲ. ಒಂಬತ್ತೇ ಇರ್ಲಿ."

ಕೆಲವರು ನಕ್ಕರು. ಹಿಂದಿನ ಸಾಲಿನಿಂದ ಒಬ್ಬರು ನಗದೆ ಕೇಳಿದರು: "ಇನ್ಮೇಲೆ ನೀನು ಹೇಳಿದ್ದು ಸರಿ ಅಂತ ನಾವು ಹೇಗಮ್ಮಾ ನಂಬೋದು?"

ನಿನ್ನೆಯಿಂದ ಅವಳು ಹೆದರಿದ್ದದ್ದು ಈ ಪ್ರಶ್ನೆಗೇ. ಈಗ ಅದು ಎದುರಿಗೇ ಬಂದಾಗ, ವಿಚಿತ್ರವೆಂದರೆ, ಉತ್ತರ ಸುಲಭವಾಗಿ ಬಂತು. "ನಂಬಬೇಡಿ. ಒಬ್ಬೊಬ್ರೇ ಬನ್ನಿ. ತಂತಿ ನೀವೇ ತಿರುಗಿಸಿ, ಪರದೆ ನೀವೇ ಓದಿ. ಅರ್ಧ ಮಾಡೋ ಲೆಕ್ಕ ಪಕ್ಕದವರು ಮಾಡ್ಲಿ. ನಾನು ಬರ್ಕೋತೀನಿ, ಅಷ್ಟೆ."

ಹೀಗೆ ಶುರುವಾಯಿತು. ಹಾಡು ಕೇಳಬೇಕಿದ್ದ ಬೆಳಗಿನಲ್ಲಿ ಹದಿನಾಲ್ಕು ಜನ ಸಾಲುಗಟ್ಟಿ ತಂತಿ ತಿರುಗಿಸಿದರು. ಎಂಟಿದ್ದವರಿಗೆ ಹನ್ನೆರಡಾಯಿತು, ಮೂರೆಂದು ಬೀಗುತ್ತಿದ್ದವರು ಏಳು ಕಂಡು ಚಹಾ ಕೇಳಿದರು. ಹಮುರೊ-ಸಾನ್ ತಮ್ಮ ಸರದಿಗೆ ಬಂದು, ಯಾರ ಮುಖವನ್ನೂ ನೋಡದೆ, "ಎರಡು, ಹತ್ತು. ಆರು ಅಂತ ಬರ್ಕೋ," ಎಂದು ಹೇಳಿ ಪಕ್ಕಕ್ಕೆ ನಿಂತರು.

ಕೊನೆಗೆ ತೊಕುಮರುವಿನ ಬಿಸ್ಕತ್ತಿನ ಡಬ್ಬಿ. ನೇರಕ್ಕೆ ಎಂದಿನಂತೆ ಒಂಬತ್ತು. ಅವನು ತಂತಿ ತಿರುಗಿಸಿದ. ಪರದೆಗೆ ಮೂಗು ತಾಗುವಷ್ಟು ಬಗ್ಗಿದ.

"ಒಂದು," ಎಂದ ಮೆಲ್ಲಗೆ. ಆಮೇಲೆ ದನಿ ಏರಿಸಿ, "ಎಲ್ರೂ ನೋಡ್ರಪ್ಪಾ, ಒಂದು. ಪೆಟ್ಟಿಗೆ ತೆಗೀರಿ, ಅಳತೆ ಮುಗೀತು."

"ಏಯ್ ಲಾರಿ, ನಿಲ್ಸು," ಎಂದರು ಹಮುರೊ-ಸಾನ್. ಬಾಯಿ ಬಿಡುವುದಿಲ್ಲ ಎಂದಿದ್ದವರು. "ಆ ಹುಡುಗಿ ನನ್ನ ಎರಡನ್ನ ನನ್ನೆದುರಿಗೇ ಆರು ಮಾಡಿದಾಳೆ. ಅಂಗಡೀಲಿ ಕೂತು ನಾನು ನಲವತ್ತು ವರ್ಷ ಕಂಡಿದೀನಿ. ತಮ್ಮ ತಕ್ಕಡಿ ಸರಿ ಇಲ್ಲ ಅಂತ ತಾವಾಗೇ ಮನೆಗೆ ಬಂದು ಹೇಳಿದವರು ಒಬ್ರಿಲ್ಲ. ಕೂಡಿಸು, ಅರ್ಧ ಮಾಡು."

"ಐದು," ಎಂದ ತೊಕುಮರು ಬೆರಳೆಣಿಸಿ. ಮತ್ತೊಮ್ಮೆ ಎಣಿಸಿದ. "ಅಲ್ಲಾ, ಐದು ಆರಕ್ಕಿಂತ ಕಮ್ಮಿ ಅಲ್ವಾ?"

ಕಡಿಮೆಯೇ. ಹದಿನಾಲ್ಕರಲ್ಲಿ ಅದಕ್ಕಿಂತ ಕಡಿಮೆ ಇನ್ನೊಂದಿರಲಿಲ್ಲ. ಎಲ್ಲರೂ ಹಮುರೊ-ಸಾನರ ಮುಖ ನೋಡಿದರು. ಅವರು ತಮ್ಮ ಆಂಪ್ಲಿಫೈಯರನ್ನು ಮೊದಲ ಮೇಜಿನಿಂದ ಎತ್ತಿ ಎರಡನೆಯದಕ್ಕೆ ಇಟ್ಟರು. "ನನ್ನ ನಕ್ಷೆ ಅದು, ನೆನಪಿರ್ಲಿ," ಎಂದರು ಅಷ್ಟೆ.

ಮೊದಲ ಸ್ಥಾನ ತನಗೆ ಸಿಕ್ಕೀತೆಂದು ತೊಕುಮರು ಕನಸಲ್ಲೂ ಎಣಿಸಿರಲಿಲ್ಲ. ಅವನ ಚೀಲದಲ್ಲಿದ್ದದ್ದು ಒಂದೇ ರೆಕಾರ್ಡು. ಹಾಡಲ್ಲ, ಉಗಿಬಂಡಿ ಘಾಟಿ ಏರುವ ಸದ್ದು. ನಿಯಮವೆಂದರೆ ನಿಯಮ. ಶರತ್ಕಾಲದ ಕೂಟ ಇಪ್ಪತ್ತೆರಡು ನಿಮಿಷ ಏದುಸಿರು ಬಿಡುವ ರೈಲಿನಿಂದ ಶುರುವಾಯಿತು. ಹದಿನಾಲ್ಕು ಜನ ಕೈಕಟ್ಟಿ, ಕಣ್ಣುಮುಚ್ಚಿ ಕೇಳಿದರು. ಸುರಂಗ ಬಂದಾಗ ಕಿಟಕಿಯ ಗಾಜು ಅದುರಿತು.

"ಡಬ್ಬಿಯ ಕಲಬೆರಕೆ ಲಕ್ಷಕ್ಕೆ ಐದು," ಹಮುರೊ-ಸಾನ್ ಕಿಕುಯೆಯ ಕಿವಿಯಲ್ಲಿ ಹೇಳಿದರು. "ಕಟ್ಟಿದವನ ಅಭಿರುಚಿ ಲಕ್ಷಕ್ಕೆ ಲಕ್ಷ."

ಕಿಕುಯೆ ನಗು ತಡೆದುಕೊಳ್ಳಲು ತಲೆ ತಗ್ಗಿಸಿದಳು. ಅವಳ ಮಡಿಲಲ್ಲಿ ಹದಿನಾಲ್ಕು ಹೊಸ ಚೀಟಿಗಳಿದ್ದವು. ಬಂಡಿ ಘಾಟಿ ಏರುತ್ತಿದ್ದಂತೆ ಒಂದೊಂದಕ್ಕೇ ಮೊಹರು ಒತ್ತುತ್ತ ಹೋದಳು.