ಜಸುಬಾ ಕಲಿಸಿದ ಗುಜರಾತಿ

"ಬಾ, ಚಪ್ಪಲಿ ಅಲ್ಲೇ ಬಿಡು. ಇಲ್ಲಿ ಕೂತ್ಕೋ" ಎಂದಳು ನಳಿನಿ.

ಚಪ್ಪಲಿ ಕಳಚಲು ಬಗ್ಗಿದ್ದ ರಾಮಕೃಷ್ಣ ಹಾಗೆಯೇ ತಲೆಯೆತ್ತಿ ನೋಡಿದ. ಸುದ್ದಿ ತಿಳಿದವನೇ ಹೆಂಡತಿಯೊಂದಿಗೆ ಅಹಮದಾಬಾದಿನಿಂದ ಸಿಕ್ಕಿದ ರೈಲು ಹತ್ತಿ, ಸೂರತ್ ಪಕ್ಕದ ಉಧ್ನಾದಲ್ಲಿ ಇಳಿದು, ಅಣ್ಣನ ಮನೆ ಹುಡುಕಿಕೊಂಡು ಬಂದಿದ್ದ. ಬಾಗಿಲಲ್ಲೇ ಅಣ್ಣನ ಇಪ್ಪತ್ತೆರಡು ವರ್ಷದ ಮಗಳು ಏಕವಚನದಲ್ಲಿ ಅಪ್ಪಣೆ ಕೊಡುತ್ತಿದ್ದಳು.

"ಚಿಕ್ಕಪ್ಪಂಗೆ ಬಾ, ಕೂತ್ಕೋ ಅಂತಾರೇನೇ?" ಎಂದಳು ಅವನ ಹೆಂಡತಿ ರಮಾಮಣಿ, ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತ. "ಬನ್ನಿ, ಕೂತ್ಕೊಳ್ಳಿ ಅನ್ಬೇಕು."

ನಳಿನಿ ತಡವರಿಸಿದಳು. "ನನಗೆ ಬರೋದು ಅಷ್ಟೇ ಕಾಕಿ" ಎಂದು ಹಿಂದಿಯಲ್ಲಿ ಹೇಳಿ ಪಕ್ಕಕ್ಕೆ ಸರಿದಳು.

ಅವಳು ಹೇಳಿದ್ದು ನಿಜವೇ. ಅವಳ ಕನ್ನಡವೆಲ್ಲ ಒಬ್ಬನ ಬಾಯಿಂದ ಬಂದದ್ದು. ಅಮ್ಮ ಹೋದಾಗ ಅವಳಿಗೆ ಮೂರು ವರ್ಷ. ಆಮೇಲೆ ಆ ಮನೆಯಲ್ಲಿ ಅಪ್ಪನಿಗೆ 'ಬನ್ನಿ' ಎನ್ನುವವರು ಯಾರೂ ಇರಲಿಲ್ಲ. ಬಾ, ಕೂತ್ಕೋ, ಹಾಲು ಕುಡಿ, ಸ್ವೆಟರ್ ಹಾಕ್ಕೋ ಎಂದು ಅಪ್ಪ ಮಗುವಿಗೆ ಹೇಳಿದ್ದಷ್ಟೇ ಅವಳ ಕಿವಿಗೆ ಬಿದ್ದದ್ದು. ಎಲ್ಲವೂ ಅವಳಿಗೆ ಅರ್ಥವಾಗುತ್ತಿತ್ತು, ಉತ್ತರ ಮಾತ್ರ ಹಿಂದಿಯಲ್ಲೋ ಗುಜರಾತಿಯಲ್ಲೋ ಕೊಡುತ್ತಿದ್ದಳು. ಚಿಕ್ಕಪ್ಪನನ್ನು ಬ್ಯಾಂಕಿನವರು ಅಹಮದಾಬಾದಿಗೆ ವರ್ಗ ಮಾಡಿ ಎಂಟು ತಿಂಗಳಾಗಿತ್ತು. ಅದಕ್ಕೆ ಮೊದಲು ಅವನನ್ನು ಅವಳು ನೋಡಿದ್ದು ಎರಡು ಮದುವೆಗಳಲ್ಲಿ ಮಾತ್ರ.

ಅವಳ ಅಪ್ಪ, ಉಧ್ನಾ ಸ್ಟೇಷನ್ನಿನ ಗೂಡ್ಸ್ ಕ್ಲರ್ಕ್ ಪದ್ಮನಾಭ, ಹಾಲ್‌ನಲ್ಲಿ ಚಾಪೆಯ ಮೇಲೆ ಮಲಗಿದ್ದ. ವಯಸ್ಸು ಐವತ್ತನಾಲ್ಕು. ನಿನ್ನೆ ಸಂಜೆ ಪಕ್ಕದ ಮನೆಯ ವರಾಂಡದಲ್ಲಿ ಕೂತಲ್ಲೇ ಎದೆಬಡಿತ ನಿಂತಿತ್ತು. ಹೌಸಿಂಗ್ ಸೊಸೈಟಿಯ ಗಂಡಸರು ಒಬ್ಬೊಬ್ಬರೇ ಬಂದು ರಾಮಕೃಷ್ಣನ ಕೈ ಹಿಡಿದು ಹಿಂದಿಯಲ್ಲಿ ಸಮಾಧಾನ ಹೇಳಿದರು. ಎಲ್ಲರ ಮಾತೂ ಒಂದೇ.

"ಬಹಳ ಸಭ್ಯ ಮನುಷ್ಯ. ಇಷ್ಟು ವರ್ಷದಲ್ಲಿ ಎರಡು ಮಾತು ಆಡಿದ್ದು ಕೇಳಿಲ್ಲ ನಾವು."

ರಾಮಕೃಷ್ಣ ಹೆಂಡತಿಯ ಕಡೆ ತಿರುಗಿದ. "ಇವ್ರು ಯಾರ ವಿಷ್ಯ ಹೇಳ್ತಿದಾರೆ? ಹಾಸನದಲ್ಲಿ ಅಣ್ಣನ ಬಾಯಿ ಮುಚ್ಸೋಕೆ ನಮ್ಮಪ್ಪನ ಕೈಲೂ ಆಗ್ತಿರ್ಲಿಲ್ಲ ಕಣೇ!"

ನಳಿನಿ ತಲೆ ತಗ್ಗಿಸಿದಳು. ಆ ಬಾಯಿ ಮುಚ್ಚಿದ್ದು ಯಾವತ್ತಿನಿಂದ ಎಂದು ಅವಳಿಗೆ ಗೊತ್ತಿತ್ತು.

*

ಗೂಡ್ಸ್ ಶೆಡ್ಡಿನಲ್ಲಿ ಹಮಾಲಿಗಳೆಲ್ಲ ಒರಿಸ್ಸಾದವರು, ಉತ್ತರಪ್ರದೇಶದವರು. ಅಲ್ಲಿ ಪದ್ಮನಾಭನ ಮುರುಕು ಹಿಂದಿಯೇ ಸಾಕಾಗುತ್ತಿತ್ತು. ಗುಜರಾತಿ ಅವನ ಕಿವಿಗೆ ಬೀಳುತ್ತಿದ್ದದ್ದು ಸಂಜೆ, ಪಕ್ಕದ ಮನೆಯ ಜಸುಬಾಳಿಂದ. ಆಕೆ ಒಂಟಿ ವಿಧವೆ; ಎಲ್ಲರೂ ಆಕೆಯನ್ನು 'ಬಾ', ಅಂದರೆ ಅಮ್ಮ, ಎಂದೇ ಕರೆಯುತ್ತಿದ್ದರು. ವರಾಂಡದಲ್ಲಿ ಪಾಪ್ಡಿ ಅವರೆಕಾಯಿ ಬಿಡಿಸುತ್ತ, ಗೋಧಿ ಆರಿಸುತ್ತ, ಕೇಳುವವರು ಇದ್ದರೂ ಇಲ್ಲದಿದ್ದರೂ ಮಾತಾಡುತ್ತಲೇ ಇರುತ್ತಿದ್ದಳು. ಪದ್ಮನಾಭ ಎರಡು ವರ್ಷ ಬರೀ ಹೂಂಗುಟ್ಟಿದ. ಮೂರನೆಯ ವರ್ಷ ಬಾಯಿ ತೆರೆದಾಗ ಜಸುಬಾಳ ಗುಜರಾತಿಯೇ ಹೊರಗೆ ಬಂತು, ಅವಳ ರಾಗ, ಅವಳ ಗೊಣಗಾಟ ಸಮೇತ.

ಬಂದೆ, ಹೋದೆ ಎನ್ನಲು ಕನ್ನಡದಲ್ಲಿ ಗಂಡಸಿಗೂ ಹೆಂಗಸಿಗೂ ಒಂದೇ ಮಾತು. ಗುಜರಾತಿಯಲ್ಲಿ ಬೇರೆ ಬೇರೆ. ಗಂಡಸು 'ಗಯೋ' ಎನ್ನಬೇಕು, ಹೆಂಗಸು 'ಗಯಿ' ಎನ್ನಬೇಕು. ಇದನ್ನು ಪದ್ಮನಾಭನಿಗೆ ಯಾರೂ ಹೇಳಿರಲಿಲ್ಲ. ಪಾಪ, ಅವನು ಕೇಳಿಸಿಕೊಂಡದ್ದನ್ನು ಆಡಿದ, ಅಷ್ಟೇ.

ನಳಿನಿಗೆ ಆಗ ಹತ್ತು ವರ್ಷ. ಶಾಲೆಯ ಗೆಳತಿಯರು ಮನೆಗೆ ಬಂದಿದ್ದರು. ಅವರಿಗೆಂದೇ ಬಿಸಿ ಖಮಣ ತಿಂಡಿಯ ಪೊಟ್ಟಣ ಕಟ್ಟಿಸಿಕೊಂಡು ಬಂದ ಪದ್ಮನಾಭ ಬಾಗಿಲಲ್ಲಿ ನಿಂತು, ಬಲು ಉತ್ಸಾಹದಿಂದ, "ಹುಂ ಆವೀ ಗಯಿ!" ಎಂದ. ನಾನು ಬಂದೆ, ಹೆಂಗಸು ಹೇಳಿದ ಹಾಗೆ.

ಒಬ್ಬಳು ಅದನ್ನೇ ಮುದುಕಿಯ ದನಿಯಲ್ಲಿ ಹೇಳಿ ತೋರಿಸಿದಳು. ಹುಡುಗಿಯರು ಹೊಟ್ಟೆ ಹಿಡಿದುಕೊಂಡು ನಕ್ಕರು. ನಳಿನಿ ಎಲ್ಲರಿಗಿಂತ ಜೋರಾಗಿ ನಕ್ಕು, "ನೀವೇನು ಹೆಂಗಸಾ?" ಎಂದು ಗುಜರಾತಿಯಲ್ಲಿ ಕೇಳಿದಳು. ಏನಾಯಿತೆಂದು ತಿಳಿಯದೆ ಪದ್ಮನಾಭ ತಾನೂ ನಕ್ಕ. ಪೊಟ್ಟಣ ಮೇಜಿನ ಮೇಲಿಟ್ಟು ಒಳಗೆ ಹೋದ.

ಆಮೇಲೆ ಅವಳ ಮುಂದೆ ಅವನು ಗುಜರಾತಿ ಆಡಲಿಲ್ಲ. ಸೊಸೈಟಿಯಲ್ಲೂ ಯಾರ ಹತ್ತಿರವೂ ಆಡಿದ್ದನ್ನು ಅವಳು ಕೇಳಲಿಲ್ಲ. ಅವಳೊಂದಿಗೆ ಉಳಿದದ್ದು ಚಿಕ್ಕ ಚಿಕ್ಕ ಕನ್ನಡ. ಅವಳು ಬೆಳೆದರೂ ಆ ಕನ್ನಡ ಬೆಳೆಯಲಿಲ್ಲ. ಪ್ಲೇಗಿನ ವರ್ಷ ಸೂರತ್ತೇ ಖಾಲಿಯಾದಾಗ ಅವಳ ವಡೋದರಾ ಹಾಸ್ಟೆಲಿಗೆ ಫೋನು ಮಾಡಿ, "ಊಟ ಆಯ್ತಾ? ಇಲ್ಲಿಗ್ ಬರ್ಬೇಡ, ಅಲ್ಲೇ ಇರು" ಎಂದು ಇಟ್ಟುಬಿಟ್ಟಿದ್ದ. ಅಪ್ಪನಿಗೆ ಹೆದರಿಕೆಯಾಗಿದೆಯೇ ಎಂದು ಕೇಳಬೇಕು ಅನ್ನಿಸಿತ್ತು ಅವಳಿಗೆ. ಕೇಳಿರಲಿಲ್ಲ.

*

ಜಸುಬಾ ಗೋಡೆ ಹಿಡಿದುಕೊಂಡು ಬಂದು ಹೆಣದ ತಲೆಯ ಹತ್ತಿರ ಕೂತಳು. "ಇನ್ನು ನಾನು ಯಾರ ಹತ್ತಿರ ಮಾತಾಡಲಿ?" ಎಂದು ಗುಜರಾತಿಯಲ್ಲಿ ಹೆಣವನ್ನೇ ಕೇಳಿದಳು.

"ಬಾ, ಅಪ್ಪ ನಿಮ್ಮ ಹತ್ರ ಮಾತಾಡ್ತಿದ್ರಾ?" ನಳಿನಿಯೂ ಗುಜರಾತಿಯಲ್ಲೇ ಕೇಳಿದಳು.

"ಮಾತಾಡ್ತಿದ್ನಾ ಅಂತಾಳೆ! ದನಿ ತಗ್ಗಿಸಿಯಾದ್ರೂ ದಿನಾ ಸಂಜೆ ನನಗೇ ಬಾಯಿ ತೆರೆಯೋಕೆ ಬಿಡ್ತಿರಲಿಲ್ಲ. ಅವನ ಊರು, ಅವನ ತಾಯಿ, ನೀನು ಪಾಸಾದದ್ದು, ಎಲ್ಲಾ ಹೇಳಿದ್ದನ್ನೇ ಹೇಳ್ತಿದ್ದ."

ನಳಿನಿ ಅಲ್ಲೇ ನೆಲಕ್ಕೆ ಕೂತಳು.

"ನೀವು ಹುಡುಗಿಯರು ನಕ್ಕಿರಲ್ಲ, ಅವತ್ತೇ ಬಂದು ಕೇಳಿದ. ಬಾ, ನಾನು ಏನು ತಪ್ಪು ಅಂದೆ ಅಂತ. ಗಂಡಸು ಗಯೋ ಅನ್ಬೇಕಪ್ಪಾ ಅಂತ ಹೇಳಿಕೊಟ್ಟೆ. ನನ್ನ ಹತ್ತಿರ ಇರೋದು ನಿನ್ನ ಗುಜರಾತಿ ಒಂದೇ ಬಾ, ಬೇರೆ ಎಲ್ಲಿಂದ ತರಲಿ ಅಂದ. ಮಗು ಮುಂದೆ ಇನ್ನು ಆಡಲ್ಲ, ಅವಳಿಗೆ ನಾಚಿಕೆ ಆಗುತ್ತೆ ಅಂದ. ಆಮೇಲೂ ನನ್ನ ಹತ್ತಿರ ಗಯಿ ಗಯಿ ಅಂತಾನೇ ಇದ್ದ. ನಾನೂ ತಿದ್ದಲಿಲ್ಲ."

ಆಕೆ ಪದ್ಮನಾಭನ ಹಣೆ ಸವರಿದಳು.

"ನಿನ್ನೆ ಬಂದು ಕೂತವನೇ, 'ಆಜೇ ಬಹು ಥಾಕೀ ಗಯೋ, ಬಾ' ಅಂದ. ಇವತ್ತು ತುಂಬ ಸುಸ್ತಾಯ್ತು ಅಂತ. ಗಯೋ! ನಾನು ನಕ್ಕುಬಿಟ್ಟೆ ಮಗಳೇ. ಅಂತೂ ಇವತ್ತು ಗಂಡಸಾದೆ ನೋಡು ಅಂದೆ. ನೀರು ತರೋಕೆ ಒಳಗೆ ಹೋದೆ. ಅವನು ಸರಿಯಾಗಿ ಮಾತಾಡಿದಾಗಲೇ ನನಗೆ ಗೊತ್ತಾಗಬೇಕಿತ್ತು."

ನಳಿನಿಗೆ ಅಳು ಒತ್ತರಿಸಿ ಬಂತು. ಹನ್ನೆರಡು ವರ್ಷ ಗೋಡೆಯ ಆಚೆ ಅಪ್ಪ ಮಾತಾಡಿದ್ದ, ಈಚೆ ತಾನೊಬ್ಬಳೇ ಇದ್ದೆ ಎಂದು ಅವಳಿಗೆ ಅನ್ನಿಸಿತು. ಒಮ್ಮೆ, ಒಂದೇ ಒಂದು ಸಲ, ಅವನದೇ ಭಾಷೆಯಲ್ಲಿ ಅವನ ಕ್ಷಮೆ ಕೇಳಬೇಕಿತ್ತು.

*

ಚಟ್ಟ ಕಟ್ಟಿ ಬಾಗಿಲ ಹತ್ತಿರ ತಂದಿಟ್ಟದ್ದಾಯಿತು. ಹೆಂಗಸರು ಸ್ಮಶಾನಕ್ಕೆ ಹೋಗುವಂತಿರಲಿಲ್ಲ. ರಾಮಕೃಷ್ಣ ಒದ್ದೆ ಪಂಚೆಯಲ್ಲಿ ಬೆಂಕಿಯ ಮಡಕೆ ಹಿಡಿದು ಮೆಟ್ಟಿಲ ಕೆಳಗೆ ನಿಂತ.

"ಏನಾದ್ರೂ ಹೇಳೋದಿದ್ರೆ ಈಗ್ಲೇ ಹೇಳ್ಬಿಡು ನಳಿನಿ" ಎಂದಳು ರಮಾಮಣಿ, ಅವಳ ಬೆನ್ನು ಸವರುತ್ತ. "ಕಿವಿ ಹತ್ರ ಬಗ್ಗಿ, 'ಅಪ್ಪಾ, ನನ್ನನ್ನ ಕ್ಷಮಿಸಿ' ಅನ್ನು."

ನಳಿನಿ ಬಗ್ಗಿದಳು. ಗುಜರಾತಿಯಲ್ಲಾದರೆ 'ಮಾಫ್ ಕರಜೋ' ಎಂದು ಸುಲಭವಾಗಿ ಅಂದುಬಿಡಬಹುದಿತ್ತು. ಆದರೆ ಅವನು ತನಗಾಗಿಯೇ ಬಿಟ್ಟ ಭಾಷೆಯಲ್ಲಿ ಅವನನ್ನು ಹೇಗೆ ಕೇಳುವುದು? "ಅಪ್ಪಾ, ಕ್ಷಮ್..." ಎಂದು ಶುರು ಮಾಡಿ ನಿಲ್ಲಿಸಿದಳು. ಆ ಮಾತು ಬೇರೆ ಯಾರದೋ ಅಪ್ಪನಿಗೆ ಹೇಳಿದ ಹಾಗಿತ್ತು. ಮನೆಯಲ್ಲಿ ಅದನ್ನು ಅವಳು ಕೇಳಿಯೇ ಇರಲಿಲ್ಲ. ಅಪ್ಪ ಅವಳ ಹತ್ತಿರ ಕ್ಷಮೆ ಕೇಳುವಂಥ ತಪ್ಪು ಯಾವತ್ತೂ ಮಾಡಿರಲಿಲ್ಲ.

ತಪ್ಪು ಮಾಡುತ್ತಿದ್ದದ್ದು ಅವಳು. ಲೋಟ ಒಡೆದಾಗ, ಗಣಿತದಲ್ಲಿ ನಪಾಸಾದಾಗ, ಹಾಸಿಗೆ ಒದ್ದೆ ಮಾಡಿಕೊಂಡಾಗ ಅಪ್ಪ ಹೇಳುತ್ತಿದ್ದ ಮಾತೊಂದು ಅವಳ ಹತ್ತಿರವಿತ್ತು. ಆ ಹೊತ್ತಿಗೆ ಅವಳಲ್ಲಿದ್ದ ಕನ್ನಡ ಅಷ್ಟೇ.

"ಏನೂ ಆಗಿಲ್ಲ ಬಿಡು ಪುಟ್ಟೀ" ಎಂದಳು ಅವನ ಕಿವಿಯಲ್ಲಿ. "ಅಳ್ಬೇಡ. ಏನೂ ಆಗಿಲ್ಲ."

"ಹಾಗಲ್ವೇ, ನೀನು ಕೇಳ್ಕೋಬೇಕಾದ್ದು..." ಎಂದು ರಮಾಮಣಿ ತಿದ್ದಲು ಹೋದಳು.

ಮೆಟ್ಟಿಲ ಕೆಳಗಿಂದ ರಾಮಕೃಷ್ಣ ಎಡಗೈ ಎತ್ತಿ ಅವಳನ್ನು ತಡೆದ. ನಳಿನಿ 'ಬಿಡು' ಎಂದು ಎಳೆದದ್ದು ಥೇಟ್ ಅಣ್ಣನ ದನಿ. ಬಲಗೈಯ ಮಡಕೆಯ ಹೊಗೆ ಕಣ್ಣಿಗೆ ನುಗ್ಗುತ್ತಿದ್ದರೂ ಮುಖ ತಿರುಗಿಸದೆ, ಅದು ಇನ್ನೊಂದು ಸಲ ಕೇಳಿಸೀತೇ ಎಂದು ಅವನು ನಿಂತೇ ಇದ್ದ.