ಬಿರುಕಿನ ಕೆಳಗೊಂದು ಕುರ್ಚಿ

ಬರೆಯುವುದಿಲ್ಲ ಎಂದಳು ಅಂಬಿಕ. ಹೇಳಿದ ಮೇಲೆ, ದನಿ ಅಷ್ಟು ಜೋರಾಗಿ ಬರಬಾರದಿತ್ತು ಅನ್ನಿಸಿತು.

ಮೇಜಿನ ಮೇಲೆ ಹವಾಮಾನದ ರಿಜಿಸ್ಟರು ತೆರೆದಿತ್ತು. ಬಂಗಾರಪೇಟೆಯ ಆ ಸಣ್ಣ ಕಚೇರಿಯಲ್ಲಿ ದಿನಾ ಬೆಳಿಗ್ಗೆ ಎಂಟೂವರೆಗೆ ಮಳೆ, ಗಾಳಿ, ಆಕಾಶ ನೋಡಿ ಬರೆಯುವುದು ಅವಳ ಕೆಲಸ. ಹನ್ನೊಂದು ವರ್ಷ 'ಶುಭ್ರ', 'ಮೋಡ' ಎಂಬ ಎರಡೇ ಪದಗಳಲ್ಲಿ ಕಳೆದುಹೋಗಿತ್ತು. ಎಂ.ಎಸ್ಸಿ. ಓದಿದ್ದು ಇಷ್ಟಕ್ಕೇನಾ ಎಂದು ಕೇಳಿಕೊಳ್ಳುವುದನ್ನೂ ಬಿಟ್ಟಿದ್ದಳು. ಹತ್ತೊಂಬತ್ತು ದಿನದ ಹಿಂದೆ ಆಕಾಶ ಕಲ್ಲಾಯಿತು.

ಮೊದಲು ಬೂದು ಕಲ್ಲು. ಆಮೇಲೆ ಕಡುಗಪ್ಪು. ಬಿಸಿಲು ಹೇಗೋ ಸೋಸಿಕೊಂಡು ಬರುತ್ತಿತ್ತು. ಜನ ಮೂರು ದಿನ ಹೆದರಿದರು, ನಾಲ್ಕನೆಯ ದಿನ ಎಂದಿನಂತೆ ಡೇರಿಗೆ ಹಾಲು ಹಾಕಿ ಬಂದರು. ಹತ್ತನೆಯ ದಿನ ಕೆಜಿಎಫ್‌ನಲ್ಲಿ, ಗಣಿಯ ಕಸಮಣ್ಣು ಸುರಿದು ಎದ್ದ ಸೈನೈಡ್ ದಿಬ್ಬದ ನೇರ ಮೇಲೆ, ಆ ಕಲ್ಲಿನ ಆಕಾಶದಲ್ಲಿ ಒಂದು ಹಳದಿ ಗೆರೆ ಕಂಡಿತು. ದಿನದಿನಕ್ಕೂ ಅಗಲವಾಯಿತು. ಬೇರೆ ಊರಿನವರಾಗಿದ್ದರೆ ಎದ್ದುಬಿದ್ದು ಓಡುತ್ತಿದ್ದರು. ಈ ಊರಿನವರು ಚಿನ್ನದ ಎಳೆ ಎಂದರು.

"ಎಳೆ ಅಂತ ಬರೆದರೆ ನಿಮ್ಮ ಗಂಟೇನು ಹೋಗುತ್ತೆ ಮೇಡಂ?" ಎಂದರು ಅಧಿಕಾರಿ ವೆಂಕಟೇಶಪ್ಪ. ಕಿಟಕಿಯ ಕಡೆ ಮಾತ್ರ ನೋಡಲಿಲ್ಲ. "ಬಿರುಕು ಅಂದ್ರೆ ದಿಬ್ಬದಿಂದ ಜನರನ್ನ ಎಬ್ಬಿಸ್ಬೇಕು, ರೂಲು ಹಾಗಿದೆ. ಗಣಿ ಮತ್ತೆ ತೆರೀತಾರೆ ಅಂತ ಕಾದು ಕೂತಿದಾರೆ. ಎಬ್ಬಿಸೋಕೆ ನನ್ನ ಕೈಲಾಗುತ್ತಾ?"

"ಬಿರುಕನ್ನ ಬಿರುಕು ಅಂತಾನೇ ಬರೀತೀನಿ ಸಾರ್."

"ನಿಮ್ಮ ತಂದೆಯೇ ಎಳೆ ಅಂದಿದಾರಲ್ಲ?"

ಈ ಮಾತು ಬರುತ್ತದೆಂದು ಗೊತ್ತಿತ್ತು. ಆದರೂ ಅವಳ ಮೈ ಉರಿಯಿತು.

ಅಪ್ಪ ಮುನಿಸ್ವಾಮಪ್ಪ ಕ್ಯಾಸಂಬಳ್ಳಿಯಿಂದ ಸೈಕಲ್ ತುಳಿದು ಇಪ್ಪತ್ತಾರು ವರ್ಷ ಗಣಿಗಿಳಿದವನು. ಪಾಳಿಯವರು ಒಳಗೆ ಕಾಲಿಡುವ ಮುನ್ನ ನೆತ್ತಿಯ ಬಂಡೆಯನ್ನು ಸರಳಿನಿಂದ ತಟ್ಟಿ ಸದ್ದು ಕೇಳುವುದು ಅವನ ಕೆಲಸ. ಟೊಳ್ಳು ಸದ್ದಾದರೆ ಎಲ್ಲರೂ ಹೊರಗೆ. ಅವನ ಕಿವಿ ನಂಬಿ ನೂರಾರು ಜನ ಮನೆ ಸೇರಿದ್ದರು. ಗಣಿ ಮುಚ್ಚಿದ ಮೇಲೆ ಆ ಕಿವಿಯನ್ನು ಕೇಳುವವರಿರಲಿಲ್ಲ. ಹೋದ ವಾರ ಜನ ಬಂದು, ದಿಬ್ಬಕ್ಕೆ ಕರೆದೊಯ್ದು, ನೀವೇ ಹೇಳಿ ಮೇಸ್ತ್ರಿ ಎಂದರು. ಅಪ್ಪ ಬಹಳ ಹೊತ್ತು ನೋಡಿ, ಚಿನ್ನ ಎಂದ. ಅಂದಿನಿಂದ ದಿನಾ ಕೊರಳಿಗೆ ಹಾರ.

ಅಂಬಿಕ 'ಬಿರುಕು' ಎಂದು ಬರೆದು ಸಹಿ ಹಾಕಿದಳು.

"ಊರಿಗೊಂದು ದಾರಿಯಾದರೆ ಪೋರನಿಗೊಂದು ದಾರಿ" ಎಂದು ಗೊಣಗಿದ ವೆಂಕಟೇಶಪ್ಪ ರಿಜಿಸ್ಟರನ್ನು ಬೀರುವಿಗೆ ಹಾಕಿ ಬೀಗ ಜಡಿದರು. ಅವಳು ರಜೆ ಚೀಟಿಯನ್ನೂ ಕೊಡದೆ ಕೆಜಿಎಫ್ ಕಡೆ ಹೋಗುವ ಮಾರಿಕುಪ್ಪಂ ರೈಲು ಹತ್ತಿದಳು.

ಬೋಗಿಯಲ್ಲಿ ಎಲ್ಲರ ಕೈಯಲ್ಲೂ ಮೊರ, ತಟ್ಟೆ, ಟಾರ್ಪಾಲು. ಇವತ್ತು ಚಿನ್ನ ಉದುರುತ್ತದೆಂದು ಸುದ್ದಿ. ಪಕ್ಕದಲ್ಲಿ ಕೂತಿದ್ದ ಮುದುಕಿ ಅವಳ ಬರಿಗೈ ನೋಡಿ ಮರುಗಿದಳು.

"ಏನೂ ತಂದಿಲ್ವೇನಮ್ಮ? ತಗಾ, ನಂದೊಂದು ತಟ್ಟೆ ಇಟ್ಕ."

"ಬೇಡಮ್ಮ."

"ಸೆರಗಾದ್ರೂ ಒಡ್ಡು ಮತ್ತೆ."

ಮುದುಕಿಯ ಮೇಲೆ ಸಿಟ್ಟು ಮಾಡಿಕೊಳ್ಳಲು ಅವಳಿಗೆ ಆಗಲಿಲ್ಲ. ಅದೇ ಅವಳನ್ನು ಇನ್ನಷ್ಟು ಸಿಟ್ಟಿಗೆಬ್ಬಿಸಿತು.

ದಿಬ್ಬದ ಬುಡದಲ್ಲಿ ಸಾವಿರ ಜನ ಮೊರ ಎತ್ತಿ ಹಿಡಿದು ನಿಂತಿದ್ದರು. ನಡುವೆ, ಬಿರುಕಿನ ನೇರ ಕೆಳಗೆ, ಪ್ಲಾಸ್ಟಿಕ್ ಕುರ್ಚಿಯಲ್ಲಿ ಅಪ್ಪ. ಅವನ ಮುಖದಲ್ಲಿ ಅವಳು ಮರೆತೇಹೋಗಿದ್ದ ಒಂದು ಕಳೆ ಇತ್ತು.

"ಏಳಪ್ಪಾ. ಅದು ಬಿರುಕು. ನಿನಗೂ ಗೊತ್ತು."

"ಗೊತ್ತು ಕಣಮ್ಮ" ಎಂದ ಅಪ್ಪ, ಮೆಲ್ಲಗೆ. "ನೋಡಿದ್ ತಕ್ಷಣ ಗೊತ್ತಾಯ್ತು."

"ಮತ್ತೆ ಯಾಕೆ ಹಂಗಂದೆ?"

"ಇಪ್ಪತ್ತು ವರ್ಸ ಯಾರೂ ನನ್ನ ಏನೂ ಕೇಳ್ಲಿಲ್ಲ. ಕೇಳ್ದಾಗ, ಓಗ್ರಪ್ಪಾ ಮನೀಗೆ ಅನ್ನಾಕೆ ಬಾಯಿ ಬರ್ಲಿಲ್ಲ."

"ಈಗ ಹೇಳು."

"ಈಗ ಎಂಗ್ ಏಳ್ಲಿ?" ಅವನು ಹಾರ ಸರಿಮಾಡಿಕೊಂಡ. "ನೀ ಓಗಮ್ಮ. ನಾನ್ ಬರಲ್ಲ. ಮ್ಯಾಲೆ ಗಟ್ಟಿ ಅಂದೋನೇ ಮೊದ್ಲು ಅದ್ರ ಕೆಳ್ಗೆ ಓಗ್ಬೇಕು. ಗಣಿಯಾಗೆ ಅದೇ ಮರ್ಯಾದೆ."

ಅಸಹ್ಯವಾಯಿತು. ಅದಕ್ಕಿಂತ ಹೆಚ್ಚಾಗಿ ಅಳು ಬಂತು. ಅವನ ತೋಳು ಹಿಡಿದು ಎಳೆದಳು, ಅವನು ಜಗ್ಗಲಿಲ್ಲ. ಆಗ ಅವಳು ಜನರ ಕಡೆ ತಿರುಗಿ ಕೂಗಿದಳು.

"ಇದು ಬಿರುಕು! ನಾನು ಬರೆದು ಸಹಿ ಹಾಕಿದ್ದೀನಿ! ಎಲ್ಲರೂ ಹೊರಡಿ!"

ಜನ ಅಕ್ಕರೆಯಿಂದ ನಕ್ಕರು. ಓದಿದ ಹುಡುಗಿ, ಮೇಸ್ತ್ರಿ ಮಗಳು. ಪಾಪ, ಬಿಸಿಲಲ್ಲಿ ಬಂದಿದ್ದಾಳೆ.

ಮೇಲಿನಿಂದ ಮುಷ್ಟಿಗಾತ್ರದ ಕಲ್ಲೊಂದು ಯಾರದೋ ತಟ್ಟೆಗೆ ಬಿತ್ತು. ಬರೀ ಬೂದು ಕಲ್ಲು. ಸಾವಿರ ಜನ ಚಪ್ಪಾಳೆ ತಟ್ಟಿದರು, ಶಿಳ್ಳೆ ಹಾಕಿದರು. ಹೊರಗಿದ್ದವರು ಒಳಕ್ಕೆ ನುಗ್ಗಿದರು.

"ಮೇಸ್ತ್ರಿ ಮಗಳಿಗೂ ಒಂದು ಕುರ್ಚಿ ಆಕ್ರೋ!" ಎಂದು ಕುಪ್ಪುಸ್ವಾಮಿ ಎಂಬವನು ಕೂಗಿದ. ತಂದರು. ಅಪ್ಪನ ಪಕ್ಕದಲ್ಲಿಟ್ಟು, ಟವೆಲಿನಿಂದ ಧೂಳು ಒರೆಸಿದರು.

"ಕೂತ್ಕಳಮ್ಮ" ಎಂದ ಕುಪ್ಪುಸ್ವಾಮಿ.

"ಕೂರಲ್ಲ" ಎಂದಳು. ಅಪ್ಪನ ತೋಳು ಬಿಡಲಿಲ್ಲ. ನೆಟ್ಟಗೆ ನಿಂತು ಮತ್ತೆ ಕೂಗಿದಳು: ಬಿರುಕು!

ಎರಡನೆಯ ಕಲ್ಲು ಆ ಖಾಲಿ ಕುರ್ಚಿಯ ಮೇಲೆ ಬಿತ್ತು. ಕುರ್ಚಿ ಎರಡು ಹೋಳಾಯಿತು. ಆಮೇಲೆ ಇಬ್ಬರು ಹೋಳುಗಳನ್ನು ಎತ್ತಿ ಆಚೆ ಹಾಕಿ, ಅದೇ ಜಾಗದಲ್ಲಿ ಇನ್ನೊಂದು ಕುರ್ಚಿ ತಂದಿಟ್ಟು, ಒರೆಸತೊಡಗಿದರು.