ಬಟ್ಟಲು ತುಂಬ ಮಚ್ಚೆ

ಊರೆಲ್ಲ ಆಕೆಯನ್ನು ಕತ್ತರಿಯಮ್ಮ ಎಂದೇ ಕರೆಯುತ್ತಿತ್ತು. ಹಳೆಯ ಪತ್ರಿಕೆಗಳನ್ನು ಚೂರುಚೂರು ಮಾಡಿ, ಆ ಚೂರುಗಳನ್ನೇ ಅಂಟಿಸಿ ಜನರ ಮುಖಚಿತ್ರ ಮಾಡುವುದು ಅವಳ ಕಸುಬು. "ನಮ್ಮನೇಲಿ ಪೇಪರ್ ಓದೋಕೆ ಕೂತ್ರೆ ಸುದ್ದಿಗಿಂತ ಕಿಟಕಿಗಳೇ ಜಾಸ್ತಿ" ಎಂದು ಗಂಡ ಗೊಣಗುತ್ತಿದ್ದ. ಗೊಣಗುತ್ತಲೇ ಅಂಟು ಕಲಸಿಕೊಡುತ್ತಿದ್ದ, ಪಾಪ.

ಈ ಸಲದ್ದು ಸಾಮಾನ್ಯ ಮುಖವಲ್ಲ. ನಲವತ್ತು ವರ್ಷ ತೆರೆಯ ಮೇಲೆ ಮೆರೆದ ನಟಿಯದು, ಗೋಡೆಯಷ್ಟು ದೊಡ್ಡದು. ನಾಳೆ ಬೆಳಗ್ಗೆ ಚಿತ್ರಮಂದಿರದ ಗೋಡೆಗೆ ಏರಬೇಕು. ಯಾರ ಮುಖವೋ ಅವರ ಚಿತ್ರಗಳಿಂದಲೇ ಚೂರು ತೆಗೆಯಬೇಕು, ಬೇರೆಯವರದ್ದು ಎಳ್ಳಷ್ಟೂ ಸೇರಕೂಡದು ಎಂಬುದು ಕತ್ತರಿಯಮ್ಮನ ಹಟ. ಸಾವಿರ ಚಿತ್ರ ಕತ್ತರಿಸಿ ಹಣೆ, ಕಣ್ಣು, ತುಟಿ ಎಲ್ಲ ಮುಗಿಸಿದ್ದಳು. ಉಳಿದದ್ದು ಅಭಿಮಾನಿಗಳು ಪ್ರಾಣ ಬಿಡುವ ಕೆನ್ನೆಯ ಮಚ್ಚೆ. ಸಾವಿರ ಚಿತ್ರಗಳ ಮಚ್ಚೆಗಳನ್ನು ಕತ್ತರಿಸಿ ಬಟ್ಟಲಿಗೆ ತುಂಬಿಟ್ಟಿದ್ದಳು. ಅವೆಲ್ಲ ಸೇರಿ ಒಂದು ಮಚ್ಚೆಯಾಗಬೇಕಿತ್ತು.

ಆದರೆ ಯಾವ ಕೆನ್ನೆಗೆ? ಅರ್ಧ ಚಿತ್ರಗಳಲ್ಲಿ ಮಚ್ಚೆ ಎಡಕ್ಕೆ, ಅರ್ಧದಲ್ಲಿ ಬಲಕ್ಕೆ! ಪತ್ರಿಕೆಯವರ ಚಾಳಿ ಅವಳಿಗೆ ಗೊತ್ತು. ಚಿತ್ರದಲ್ಲಿರುವವರು ಪುಟದ ಒಳಬದಿಗೆ ನೋಡುವಂತಿರಲೆಂದು ಚಿತ್ರವನ್ನು ಕನ್ನಡಿಯಲ್ಲಿ ಕಂಡಂತೆ ತಿರುಗಿಸಿ ಅಚ್ಚು ಹಾಕಿಬಿಡುತ್ತಾರೆ. ತಪ್ಪು ಕೆನ್ನೆಗೆ ಅಂಟಿಸಿದರೆ ಇಷ್ಟು ವರ್ಷ ಗಳಿಸಿದ ಹೆಸರು ಮಣ್ಣುಪಾಲು. ಸಂಕೋಚ ಬಿಟ್ಟು ನಟಿಗೇ ಫೋನು ಮಾಡಿದಳು. "ಫೋನಲ್ಲಿ ಹೇಳೋ ಮಾತಲ್ಲ, ಬರ್ತೀನಿ" ಎಂದಳು ನಟಿ.

ಮಧ್ಯಾಹ್ನ ಇಬ್ಬರು ಬಂದರು. ಮುಂದೆ ನಟಿ, ಹಿಂದೆ ಬಿಸಿಲಿಗೆಂದು ತಲೆಗೆ, ಕೆನ್ನೆಗೆ ಬಟ್ಟೆ ಸುತ್ತಿ, ಚೀಲ ಹಿಡಿದ ಮುದುಕಿ. ಗಂಡ ನಟಿಗೆ ಕುರ್ಚಿ ಒರೆಸಿಕೊಟ್ಟ. ಮುದುಕಿಗೆ ಚಪ್ಪಲಿ ಬಿಡುವ ಜಾಗ ತೋರಿಸಿದ.

ಕತ್ತರಿಯಮ್ಮ ನಟಿಯ ಬಣ್ಣವಿಲ್ಲದ ಮುಖವನ್ನು ನೋಡಿದಳು. ಎಡಗೆನ್ನೆ ಖಾಲಿ. ಬಲಗೆನ್ನೆಯೂ ಖಾಲಿ.

"ಮಚ್ಚೆ?"

"ನನಗೆಲ್ಲಿತ್ತಮ್ಮ!" ನಟಿ ನಕ್ಕಳು. "ಮೊದಲ ಸಿನಿಮಾಕ್ಕೆ ಆರಿಸಿದ್ದು ನಮ್ಮಕ್ಕನ್ನ. ಅವಳಿಗೆ ಜ್ವರ ಬಂತು, ಬದಲಿಗೆ ನಾನು ಹೋದೆ. ಮೇಕಪ್ಪಿನವರ ಹತ್ರ ಇದ್ದಿದ್ದು ಅವಳ ಫೋಟೋ. ಅದನ್ನ ನೋಡ್ಕೊಂಡು ನನ್ನ ಕೆನ್ನೆಗೆ ಮಚ್ಚೆ ಬರೆದ್ರು. ಜನ ಹುಚ್ಚಾಗಿ ಮೆಚ್ಚಿದ್ರು. ಅಳಿಸೋಕೆ ಧೈರ್ಯನೇ ಬರ್ಲಿಲ್ಲ."

ಬಾಗಿಲ ಬಳಿಯಿದ್ದ ಮುದುಕಿ ಮೆಲ್ಲನೆ ಬಟ್ಟೆ ಬಿಚ್ಚಿದಳು. ಎಡಗೆನ್ನೆಯ ಮೇಲೆ ಅದೇ ಮಚ್ಚೆ.

ಕತ್ತರಿಯಮ್ಮ ಆ ಕೆನ್ನೆಯನ್ನೊಮ್ಮೆ, ಬಟ್ಟಲನ್ನೊಮ್ಮೆ ನೋಡಿದಳು. ಊರಿನ ಗೋಡೆಗೋಡೆಯ ಮೇಲಿದ್ದದ್ದು, ಹುಡುಗಿಯರು ಕನ್ನಡಿ ಮುಂದೆ ನಿಂತು ಬರೆದುಕೊಂಡದ್ದು, ಈ ಚೀಲ ಹಿಡಿದ ಹೆಂಗಸಿನ ಮಚ್ಚೆ. ತಾನು ಬೇಡವೆಂದು ದೂರವಿಟ್ಟ ಬೇರೆಯವರ ಚೂರು ಮೊದಲಿಂದಲೂ ಪ್ರತಿ ಚಿತ್ರದಲ್ಲೂ ಕೂತಿತ್ತು! ಹಟವೆಲ್ಲ ಎಲ್ಲಿ ಹೋಯಿತೋ, ಬಟ್ಟಲು ಎತ್ತಿಕೊಂಡು ನೇರ ಬಾಗಿಲಿಗೆ ನಡೆದಳು.

"ಅಕ್ಕಾ, ಒಳಗೆ ಬನ್ನಿ. ಇದನ್ನ ನೀವೇ ಅಂಟಿಸ್ಬೇಕು."

ಗಂಡ ನಾಚಿ, ಮನೆಯ ಇನ್ನೊಂದು ಕುರ್ಚಿಯನ್ನೂ ಒರೆಸತೊಡಗಿದ. ಅಕ್ಕ ಕೂರಲಿಲ್ಲ. ಬಟ್ಟಲಿಗೆ ಬೆರಳು ಹಾಕಿ ಕಪ್ಪು ಚೂರುಗಳನ್ನು ಮೆಲ್ಲಗೆ ಕದಡಿದಳು.

"ಇದಿಷ್ಟೂ ನಂದೇನಾ?"

"ಅಷ್ಟೂ ನಿಂದೇ ಕಣಕ್ಕ" ಎಂದಳು ನಟಿ. ಕುರ್ಚಿಯಿಂದೆದ್ದು ಅಕ್ಕನ ಕೈಯಿಂದ ಚೀಲ ತೆಗೆದುಕೊಂಡು, ಅವಳ ಹಿಂದೆ ಹೋಗಿ ನಿಂತಳು.